ಓದುಗರ ಪ್ರಶ್ನೆಗಳಿಗೆ ಉತ್ತರ: ಚೆರ್ರಿ ಮರದ ಕತೆಗಳು

ಹಿಂದಿನ ಸಂಚಿಕೆಯ ಮಕ್ಕಳ ಪುಟದಲ್ಲಿ ಜಾರ್ಜ್ ವಾಷಿಂಗ್ಟನ್ ಮತ್ತು ಚೆರ್ರಿ ಮರದ ಕತೆ ಅಚ್ಚಾದ ಮೇಲೆ ಹುಬ್ಬಳ್ಳಿ, ಧಾರವಾಡ, ಗದಗ ಮತ್ತು ಹಾವೇರಿ ಕಡೆಗಳಿಂದ ಆ ಮರದ ಕುರಿತಾಗಿಯೇ ಹಲವು ಪತ್ರಗಳು ಬಂದಿವೆ. ನಮ್ಮ ಎರೆಭೂಮಿಯಲ್ಲಾಗಲಿ ಮಸಾರಿಯಲ್ಲಾಗಲಿ ಬೆಳೆಯದ ಮರವೊಂದು ನಮ್ಮ ಮಕ್ಕಳ ಪಾಠಗಳಲ್ಲಿ ಇಷ್ಟು ಗಟ್ಟಿಯಾಗಿ ಬೇರೂರಿರುವುದರಿಂದ ಈ ಸಲದ ಅಂಕಣವನ್ನು ಪೂರ್ತಿಯಾಗಿ ಅದಕ್ಕೇ ಮೀಸಲಿಟ್ಟಿದ್ದೇವೆ. ಪತ್ರಗಳನ್ನು ಸಂಕ್ಷೇಪಿಸಿದೆ, ಒಂದೇ ಬಗೆಯ ಪ್ರಶ್ನೆಗಳನ್ನು ಒಂದಾಗಿ ಸೇರಿಸಿದೆ.

ಪ್ರಶ್ನೆ: ವಾಷಿಂಗ್ಟನ್ ಬಾಲಕನಾಗಿದ್ದಾಗ ತಂದೆಯ ಚೆರ್ರಿ ಮರವನ್ನು ಕಡಿದು, ಆಮೇಲೆ ಸುಳ್ಳು ಹೇಳದೆ ಒಪ್ಪಿಕೊಂಡ ಕತೆಯನ್ನು ವರ್ಷವೂ ತರಗತಿಯಲ್ಲಿ ಹೇಳುತ್ತ ಬಂದಿದ್ದೇನೆ. ಈ ವರ್ಷ ಒಬ್ಬ ಹುಡುಗ, "ಟೀಚರ್, ಇದು ಖರೆ ನಡೆದದ್ದೇನ್ರಿ?" ಎಂದು ಕೇಳಿದ. ಏನೆಂದು ಉತ್ತರಿಸಲಿ?
– ಪ್ರಾಥಮಿಕ ಶಾಲೆಯ ಶಿಕ್ಷಕಿ, ಗದಗ

ಉತ್ತರ: ಖರೆ ಅಲ್ಲ ಎಂದೇ ಹೇಳಿರಿ. ವಾಷಿಂಗ್ಟನ್ 1799ರ ಡಿಸೆಂಬರ್‌ನಲ್ಲಿ ತೀರಿಕೊಂಡರು. ಪಾದ್ರಿಯೂ ಊರೂರು ತಿರುಗಿ ಪುಸ್ತಕ ಮಾರುವವರೂ ಆಗಿದ್ದ ಮೇಸನ್ ಲಾಕ್ ವೀಮ್ಸ್ ಎಂಬವರು ಮರುವರ್ಷವೇ ಅವರ ಜೀವನಚರಿತ್ರೆಯನ್ನು ಅಚ್ಚುಹಾಕಿಸಿದರು. ಚೆರ್ರಿ ಮರದ ಪ್ರಸಂಗ ಆ ಮೊದಲ ಮುದ್ರಣದಲ್ಲಿ ಇಲ್ಲವೇ ಇಲ್ಲ. ಅದು ಕಾಣಿಸಿಕೊಳ್ಳುವುದು 1806ರ ಐದನೆಯ ಮುದ್ರಣದಲ್ಲಿ. ಆ ಮನೆತನದ ದೂರದ ಸಂಬಂಧಿಯಾದ ವೃದ್ಧೆಯೊಬ್ಬರು ತನಗೆ ಹೇಳಿದರೆಂದು ವೀಮ್ಸ್ ಬರೆಯುತ್ತಾರಾದರೂ ಆಕೆಯ ಹೆಸರನ್ನು ಕೊಡುವುದಿಲ್ಲ, ಬೇರೆ ಯಾವ ದಾಖಲೆಯೂ ಅದನ್ನು ಸಮರ್ಥಿಸುವುದಿಲ್ಲ. ಮುಂದೆ ಮಕ್‌ಗಫಿಯವರ ಶಾಲಾ ವಾಚಕಗಳಿಗೆ ಈ ಕತೆ ಸೇರಿದ್ದರಿಂದ ಅಮೆರಿಕದ ಮನೆಮನೆಗೂ ಮುಟ್ಟಿತು, ಇಂಗ್ಲಿಷ್ ಪಾಠಗಳ ಜೊತೆಗೆ ನಮ್ಮವರೆಗೂ ಬಂದಿತು.

ಆದರೆ ಮೂಲದ ಪಾಠ ನಾವು ಹೇಳಿಕೊಂಡು ಬಂದಿರುವುದಕ್ಕಿಂತ ಸೂಕ್ಷ್ಮವಾಗಿದೆ, ಮತ್ತು ತರಗತಿಯಲ್ಲಿ ಚರ್ಚಿಸಲು ಹೆಚ್ಚು ಯೋಗ್ಯವೂ ಆಗಿದೆ. ಅದರಲ್ಲಿ ಹುಡುಗನಿಗೆ ಆರು ವರ್ಷ. ಕೈಗೆ ಸಣ್ಣ ಕೊಡಲಿಯೊಂದು ಬಂದಿದೆ. ಮೊದಲು ತಾಯಿ ಬಟಾಣಿ ಬಳ್ಳಿಗೆ ಆಸರೆಯಾಗಿ ನೆಟ್ಟ ಕೋಲುಗಳ ಮೇಲೆ ಅದನ್ನು ಪ್ರಯೋಗಿಸುತ್ತಾನೆ. ಆಮೇಲೆ ಇಂಗ್ಲಿಷ್ ಜಾತಿಯ ಎಳೆಯ ಚೆರ್ರಿ ಗಿಡದ ಬಳಿಗೆ ಹೋಗುತ್ತಾನೆ. ಅವನು ಗಿಡವನ್ನು ಕಡಿದು ಉರುಳಿಸುವುದಿಲ್ಲ, ಅದರ ತೊಗಟೆಯನ್ನು ಕೆತ್ತಿಹಾಕುತ್ತಾನೆ, ಮತ್ತು ಗಿಡ ಅದರಿಂದ ಚೇತರಿಸಿಕೊಳ್ಳುವುದಿಲ್ಲ. ಎಲೆಗಳು ತಯಾರಿಸಿದ ಆಹಾರ ಬೇರಿಗೆ ಇಳಿಯುವುದು ತೊಗಟೆಯ ಒಳಪದರದ ಮೂಲಕವಾದ್ದರಿಂದ, ಕಾಂಡದ ಸುತ್ತ ಅದನ್ನು ಬಳೆಯಂತೆ ಸುಲಿದರೆ ಮರ ನಿಂತಲ್ಲೇ ಒಣಗುತ್ತದೆ. ಇದು ನಿಮ್ಮ ವಿದ್ಯಾರ್ಥಿಗಳ ಪೈಕಿ ರೈತರ ಮಕ್ಕಳಿಗೆ ಹೊಸದೇನೂ ಆಗಿರಲಾರದು. ಐದು ಗಿನಿ (ಆ ಕಾಲದ ಇಂಗ್ಲಿಷ್ ಚಿನ್ನದ ನಾಣ್ಯ) ಕೊಟ್ಟರೂ ಆ ಗಿಡವನ್ನು ಕೊಡುತ್ತಿರಲಿಲ್ಲವೆಂದು ತಂದೆ ಹೇಳುತ್ತಾನೆ. ಮಗ ತಪ್ಪೊಪ್ಪಿಕೊಂಡಾಗ, ಬೆಳ್ಳಿಯ ಹೂವೂ ಬಂಗಾರದ ಹಣ್ಣೂ ಬಿಡುವ ಸಾವಿರ ಮರಗಳಿಗಿಂತ ಈ ಮಾತು ಹೆಚ್ಚಿನದು ಎಂದು ಅಪ್ಪಿಕೊಳ್ಳುತ್ತಾನೆ. ಆ ಕಾಲದ ಅಮೆರಿಕದಲ್ಲಿ ತಪ್ಪು ಮಾಡಿದ ಮಗುವಿಗೆ ಬೆತ್ತದ ಏಟು ಬೀಳುವುದೇ ವಾಡಿಕೆ. ಹೀಗಾಗಿ ಕತೆಯ ತೂಕ ಮಗನ ಸತ್ಯದ ಮೇಲೆ ಎಷ್ಟಿದೆಯೋ ಅಷ್ಟೇ ತಂದೆಯ ನಡತೆಯ ಮೇಲೂ ಇದೆ. ನಾವು ಮಕ್ಕಳಿಗೆ ಹೇಳುವಾಗ ಈ ಎರಡನೆಯ ಭಾಗವನ್ನು ಅನುಕೂಲಕ್ಕೆ ತಕ್ಕಂತೆ ಮರೆತುಬಿಡುತ್ತೇವೆ.

ಕತೆಯನ್ನು ಕೈಬಿಡಬೇಕಾದ ಕಾರಣವಿಲ್ಲ. "ವೀಮ್ಸ್ ಎಂಬವರು ಕಟ್ಟಿದ ಕತೆ" ಎಂದು ಮೊದಲೇ ತಿಳಿಸಿ ಹೇಳಿದರೆ ಸಾಕು. ಪ್ರಶ್ನೆ ಕೇಳಿದ ಹುಡುಗನಿಗೆ ನಮ್ಮ ಶಾಬಾಸ್‌ಗಿರಿ ತಿಳಿಸಿರಿ.

ಪ್ರಶ್ನೆ: ನಮ್ಮ ಚರ್ಚಿನಲ್ಲಿ ಕ್ರಿಸ್‌ಮಸ್ ಹೊತ್ತಿಗೆ ಹಾಡುವ ಇಂಗ್ಲಿಷ್ ಹಾಡೊಂದರಲ್ಲಿ ಮರಿಯಮ್ಮನವರಿಗೆ ಚೆರ್ರಿ ಮರ ತಲೆಬಾಗಿ ಹಣ್ಣು ಕೊಡುತ್ತದೆ. ಬೈಬಲ್ಲಿನಲ್ಲಿ ಹುಡುಕಿದರೆ ಅಂಥ ಪ್ರಸಂಗ ಸಿಗಲಿಲ್ಲ.
– ಓದುಗರೊಬ್ಬರು, ಕೇಶ್ವಾಪುರ, ಹುಬ್ಬಳ್ಳಿ

ಉತ್ತರ: ಸಿಗುವುದಿಲ್ಲ. ಅದು ಇಂಗ್ಲೆಂಡಿನ ಜನಪದ ಹಾಡು. ಗರ್ಭಿಣಿ ಮರಿಯಳು ಹಣ್ಣು ಬಯಸುತ್ತಾಳೆ, ಯೋಸೇಫನು ಸಿಡುಕಿನಿಂದ ಚುಚ್ಚುಮಾತು ಆಡುತ್ತಾನೆ, ಹೊಟ್ಟೆಯಲ್ಲಿರುವ ಶಿಶುವಿನ ಅಪ್ಪಣೆಯಂತೆ ಮರದ ಕೊಂಬೆ ಅವಳ ಕೈಗೆಟಕುವಂತೆ ಬಾಗುತ್ತದೆ. ಇದರ ಮೂಲ ಬೈಬಲ್ಲಿನ ಹೊರಗೆ ಉಳಿದ, ಮತ್ತಾಯನ ಹೆಸರಿನಲ್ಲಿ ಪ್ರಚಾರದಲ್ಲಿದ್ದ ಹಳೆಯ ಲ್ಯಾಟಿನ್ ಗ್ರಂಥದಲ್ಲಿದೆ. ಅಲ್ಲಿ ಮಗು ಆಗಲೇ ಹುಟ್ಟಿದೆ, ಕುಟುಂಬ ಈಜಿಪ್ಟಿಗೆ ಹೊರಟಿದೆ, ಬಾಗುವ ಮರ ಖರ್ಜೂರದ್ದು. ಕುರ್‌ಆನಿನ ಮರ್ಯಮ್ ಅಧ್ಯಾಯದಲ್ಲಿಯೂ ಪ್ರಸವವೇದನೆಯ ಹೊತ್ತಿನಲ್ಲಿ ಆಕೆಗೆ ಆಸರೆಯೂ ಆಹಾರವೂ ಆಗುವುದು ಖರ್ಜೂರದ ಮರವೇ. ಖರ್ಜೂರವನ್ನು ಕಣ್ಣಿನಿಂದ ಕಂಡಿರದ ಇಂಗ್ಲೆಂಡಿನ ಹಳ್ಳಿಗರು ತಮ್ಮ ಹಿತ್ತಲಿನ ಮರವನ್ನು ಆ ಜಾಗದಲ್ಲಿ ನಿಲ್ಲಿಸಿದರು. ಚೆರ್ರಿಯ ಕತೆಗಳನ್ನು ಓದುವಾಗ ಇದನ್ನು ಗಮನದಲ್ಲಿಡಬೇಕು. ಕತೆ ಊರಿಂದೂರಿಗೆ ನಡೆಯುತ್ತದೆ, ಮರ ಮಾತ್ರ ಆಯಾ ಊರಿನದಾಗುತ್ತದೆ.

ಕ್ರಿಸ್‌ಮಸ್ಸಿಗೂ ಈ ಮರಕ್ಕೂ ಇನ್ನೊಂದು ನಂಟಿದೆ. ಜರ್ಮನಿ ಮತ್ತು ಆಸ್ಟ್ರಿಯಾಗಳಲ್ಲಿ ಡಿಸೆಂಬರ್ 4ರಂದು, ಸಂತ ಬಾರ್ಬರಾಳ ದಿನ, ಬರಿದಾದ ಚೆರ್ರಿ ರೆಂಬೆಗಳನ್ನು ಕತ್ತರಿಸಿ ತಂದು ಬೆಚ್ಚಗಿನ ಕೋಣೆಯಲ್ಲಿ ನೀರಿನಲ್ಲಿಡುತ್ತಾರೆ. ಕ್ರಿಸ್‌ಮಸ್ ಹೊತ್ತಿಗೆ ಅವು ಹೂಬಿಟ್ಟರೆ ಬರುವ ವರ್ಷ ಶುಭವೆಂದೂ, ಮನೆಯಲ್ಲಿ ಮದುವೆಯಾಗುತ್ತದೆಂದೂ ನಂಬಿಕೆ.

ಜರ್ಮನಿಯ ನೌಂಬುರ್ಗ್ ಊರಿನ ಚೆರ್ರಿ ಜಾತ್ರೆಯ ಕತೆಯೂ ಸ್ವಾರಸ್ಯವಾಗಿದೆ. 1432ರಲ್ಲಿ ಬೊಹೇಮಿಯಾದ ಧರ್ಮಸುಧಾರಕ ಜಾನ್ ಹುಸ್‌ನ ಅನುಯಾಯಿಗಳಾದ ಹುಸ್ಸೈಟರ ಸೈನ್ಯ ಊರನ್ನು ಮುತ್ತಿದಾಗ, ಬಿಳಿಯ ಬಟ್ಟೆ ತೊಟ್ಟ ಶಾಲಾಮಕ್ಕಳು ಹೊರಗೆ ಹೋಗಿ ಕರುಣೆ ಬೇಡಿದರಂತೆ, ಸೇನಾಪತಿ ಪ್ರೊಕೋಪ್ ಮನಕರಗಿ ಮಕ್ಕಳಿಗೆ ಚೆರ್ರಿ ಹಣ್ಣು ಹಂಚಿ ಮುತ್ತಿಗೆ ತೆಗೆದನಂತೆ. ಅಂಥ ಮುತ್ತಿಗೆ ನಡೆದೇ ಇಲ್ಲವೆಂದು ಇತಿಹಾಸಕಾರರು ತೋರಿಸಿಕೊಟ್ಟಿದ್ದಾರೆ. ಜಾತ್ರೆ ಮಾತ್ರ ನಿಂತಿಲ್ಲ.

ಪ್ರಶ್ನೆ: ಫೆಬ್ರುವರಿ ಬಂತೆಂದರೆ ರಸ್ತೆಯ ಬದಿಯ ಮರಗಳು ಎಲೆಯುದುರಿಸಿ ಗುಲಾಬಿ ಹೂಗಳಿಂದ ತುಂಬುತ್ತವೆ. ಇದು ಜಪಾನಿನ ಸಕುರ ಎಂದು ಮೊಮ್ಮಕ್ಕಳು ಮೊಬೈಲಿನಲ್ಲಿ ಫೋಟೊ ಹಾಕುತ್ತಾರೆ. ನಿಜವೇ? ಜಪಾನಿನವರು ಒಂದು ಹೂವಿಗೆ ಇಷ್ಟು ಮಹತ್ವ ಕೊಟ್ಟದ್ದು ಯಾವಾಗಿನಿಂದ?
– ನಿವೃತ್ತ ಬ್ಯಾಂಕ್ ನೌಕರರು, ಸಪ್ತಾಪುರ, ಧಾರವಾಡ

ಉತ್ತರ: ತಾವು ನೋಡುತ್ತಿರುವುದು ಬಹುಮಟ್ಟಿಗೆ ಟಬೆಬುಯಾ, ಅಮೆರಿಕ ಖಂಡದ ಉಷ್ಣಪ್ರದೇಶದಿಂದ ಬಂದ ಅಲಂಕಾರದ ಮರ. ಹೂವನ್ನು ಕೈಯಲ್ಲಿ ಹಿಡಿದು ನೋಡಿರಿ. ಟಬೆಬುಯಾದ್ದು ತುತ್ತೂರಿಯಂಥ ಒಂದೇ ಕೊಳವೆ, ಉದುರುವಾಗ ಇಡಿಯಾಗಿ ಬೀಳುತ್ತದೆ. ಚೆರ್ರಿಯದು ಬಿಡಿಬಿಡಿಯಾದ ಐದು ಎಸಳು, ಎಸಳಿನ ತುದಿಯಲ್ಲಿ ಸಣ್ಣ ಕಚ್ಚು, ಗಾಳಿ ಬೀಸಿದರೆ ಒಂದೊಂದೇ ಎಸಳು ಹಾರುತ್ತದೆ. ಹೊಲದ ಬದುವಿನ ಗೊಬ್ಬರದ ಗಿಡ, ಅಂದರೆ ಗ್ಲಿರಿಸಿಡಿಯಾ, ಅದೇ ದಿನಗಳಲ್ಲಿ ಬರಿಯ ಕೊಂಬೆಯ ಉದ್ದಕ್ಕೂ ನಸುಗುಲಾಬಿ ಹೂ ಹೊತ್ತು ನಿಂತಾಗ ದೂರದಿಂದ ಸಕುರದ ಚಿತ್ರವನ್ನೇ ಹೋಲುತ್ತದೆ. ಅದು ಅವರೆಯ ಕುಟುಂಬದ್ದು. ಹೂವೂ ಅವರೆಯ ಹೂವಿನಂತೆಯೇ ಇರುತ್ತದೆ. ಮೊಮ್ಮಕ್ಕಳು ಫೋಟೊ ಹಾಕಲಿ, ಹೆಸರನ್ನು ಮಾತ್ರ ಸರಿಪಡಿಸಲಿ.

ಇನ್ನು ಜಪಾನಿನ ಮಾತು. ಅಲ್ಲಿಯೂ ಮೊದಲಿಗೆ ಮೆಚ್ಚುಗೆಯ ಹೂ ಚೆರ್ರಿಯಾಗಿರಲಿಲ್ಲ. ಎಂಟನೆಯ ಶತಮಾನದ ಆಸ್ಥಾನಿಕರು ಚೀನದ ಅಭಿರುಚಿಯನ್ನು ಅನುಸರಿಸಿ 'ಉಮೆ' ಎಂಬ ಪ್ಲಮ್ ಜಾತಿಯ ಹೂವಿಗೆ ಮನಸೋತಿದ್ದರು, ಆ ಕಾಲದ ದೊಡ್ಡ ಪದ್ಯಸಂಕಲನದಲ್ಲಿ ಸಕುರದ ಪದ್ಯಗಳಿಗಿಂತ ಉಮೆಯ ಪದ್ಯಗಳೇ ಬಹಳ. 812ರಲ್ಲಿ ಸಾಗ ಚಕ್ರವರ್ತಿ ಕ್ಯೋಟೊದ ಉದ್ಯಾನವೊಂದರಲ್ಲಿ ಹೂ ನೋಡುವ ಕೂಟ ಏರ್ಪಡಿಸಿದ ಮೇಲೆ ಚೆರ್ರಿ ಮುಂದಕ್ಕೆ ಬಂದಿತು, ಹತ್ತನೆಯ ಶತಮಾನದ ಹೊತ್ತಿಗೆ ಕವಿಗಳು ಸುಮ್ಮನೆ 'ಹೂ' ಎಂದರೂ ಅದು ಸಕುರವೇ ಎಂಬಂತಾಯಿತು. ಅರಮನೆಯ ಈ ಭೋಗ ಸಾಮಾನ್ಯರಿಗೆ ದಕ್ಕಿದ್ದು ಬಹಳ ತಡವಾಗಿ. ಶೋಗುನ್ (ಚಕ್ರವರ್ತಿಯ ಹೆಸರಿನಲ್ಲಿ ಆಳುತ್ತಿದ್ದ ಸೇನಾಧಿಪತಿ) ತೊಕುಗಾವ ಯೊಷಿಮುನೆ 1720ರ ಸುಮಾರಿಗೆ ಇಂದಿನ ಟೋಕಿಯೊದ ಅಸುಕಯಾಮ ಗುಡ್ಡದಲ್ಲಿ ಚೆರ್ರಿ ನೆಡಿಸಿ ಜನರಿಗೆ ಬಿಟ್ಟುಕೊಟ್ಟನು. ಹಳ್ಳಿಗರ ಲೆಕ್ಕವಂತೂ ಬೇರೆಯೇ ಇತ್ತು. ನಮ್ಮ ರೈತರು ರೋಹಿಣಿ, ಮೃಗಶಿರಾ ಮಳೆಗಳನ್ನು ಎಣಿಸಿ ಬಿತ್ತನೆಗೆ ಅಣಿಯಾಗುವಂತೆ ಅಲ್ಲಿನವರು ಕಾಡಿನ ಚೆರ್ರಿ ಅರಳಿದ್ದನ್ನು ನೋಡಿ ಭತ್ತದ ಕೆಲಸಕ್ಕೆ ಇಳಿಯುತ್ತಿದ್ದರು.

ಪುರಾಣದಲ್ಲಿಯೂ ಇದಕ್ಕೆ ನೆಲೆಯಿದೆ. 712ರಲ್ಲಿ ಪೂರ್ತಿಗೊಂಡ 'ಕೊಜಿಕಿ'ಯಲ್ಲಿ, ಸ್ವರ್ಗದಿಂದಿಳಿದ ನಿನಿಗಿ ಎಂಬ ದೇವಕುಮಾರನಿಗೆ ಪರ್ವತದೇವ ತನ್ನ ಇಬ್ಬರು ಹೆಣ್ಣುಮಕ್ಕಳನ್ನೂ ಕೊಡುತ್ತಾನೆ. ಹಿರಿಯಳು ಬಂಡೆಯ ದೇವತೆ, ರೂಪವಿಲ್ಲದವಳು. ಕಿರಿಯಳು ಹೂವಿನ ದೇವತೆ ಕೊನೊಹನಸಕುಯ. ಆ ಹೂ ಚೆರ್ರಿಯೆಂದೇ ಪರಂಪರೆ ಹೇಳುತ್ತದೆ. ನಿನಿಗಿ ಕಿರಿಯಳನ್ನು ಮಾತ್ರ ಇಟ್ಟುಕೊಂಡು ಹಿರಿಯಳನ್ನು ತವರಿಗೆ ಅಟ್ಟುತ್ತಾನೆ. ಇಬ್ಬರನ್ನೂ ಇಟ್ಟುಕೊಂಡಿದ್ದರೆ ನಿನ್ನ ಸಂತತಿ ಬಂಡೆಯಂತೆ ಬಾಳುತ್ತಿತ್ತು, ಇನ್ನು ಹೂವಿನಷ್ಟೇ ಆಯುಸ್ಸು ಎನ್ನುತ್ತಾನೆ ಮಾವ. ನಿನಿಗಿಯ ವಂಶಜರೆನಿಸಿದ ಚಕ್ರವರ್ತಿಗಳಿಗೂ ಸಾವಿರುವುದು ಏಕೆಂಬುದಕ್ಕೆ ಇಷ್ಟು ಚೊಕ್ಕದಾದ ಕಾರಣಕತೆ ಅಪರೂಪ.

ಬೇಗ ಉದುರುವುದೇ ಸೊಬಗು ಎಂಬ ಈ ಭಾವನೆಯನ್ನು ಇಪ್ಪತ್ತನೆಯ ಶತಮಾನದ ಸೇನಾಡಳಿತ ದುರುಪಯೋಗ ಮಾಡಿಕೊಂಡಿತು. ಸೈನಿಕರು ದೇಶಕ್ಕಾಗಿ ಎಸಳಿನಂತೆ ಉದುರಬೇಕೆಂಬ ಬೋಧನೆ ನಡೆಯಿತು. 1945ರಲ್ಲಿ ಚಾಲಕನ ಸಮೇತ ಹಡಗಿಗೆ ಅಪ್ಪಳಿಸುತ್ತಿದ್ದ ಬಾಂಬ್ ವಿಮಾನಕ್ಕೆ 'ಓಕ', ಅಂದರೆ ಚೆರ್ರಿ ಹೂ, ಎಂಬ ಹೆಸರನ್ನೇ ಇಟ್ಟಿದ್ದರು. ಹೂವಿನ ಹಬ್ಬದ ಚಿತ್ರಗಳ ನಡುವೆ ಈ ಸಂಗತಿಯೂ ನೆನಪಿರಬೇಕೆಂದು ನಮ್ಮ ಅಭಿಪ್ರಾಯ.

ಇಂದು ಜಪಾನಿನಲ್ಲಿ ಎಲ್ಲಕ್ಕಿಂತ ಹೆಚ್ಚಾಗಿ ಕಾಣುವ 'ಸೊಮೆಯ್ ಯೊಷಿನೊ' ತಳಿ ಪ್ರಾಚೀನವಲ್ಲ. ಹತ್ತೊಂಬತ್ತನೆಯ ಶತಮಾನದಲ್ಲಿ ಟೋಕಿಯೊ ಅಂಚಿನ ಸೊಮೆಯ್ ಹಳ್ಳಿಯ ಸಸಿಗಾರರು ಅದನ್ನು ಪ್ರಚಾರಕ್ಕೆ ತಂದರು. ನಮ್ಮ ಧಾರವಾಡದ ಆಪೂಸು ಮಾವಿನಂತೆಯೇ ಅದನ್ನು ಕಸಿಯಿಂದಲೇ ಬೆಳೆಸುವುದರಿಂದ ಎಲ್ಲ ಮರಗಳ ಗುಣವೂ ಒಂದೇ, ಹಾಗಾಗಿ ಒಂದು ಊರಿನ ಮರಗಳೆಲ್ಲ ಕೂಡಿಯೇ ಅರಳುತ್ತವೆ. ಕ್ಯೋಟೊದಲ್ಲಿ ಕಾಡುಚೆರ್ರಿ ಅರಳಿದ ದಿನಗಳನ್ನು ಹಳೆಯ ದಿನಚರಿ, ಆಸ್ಥಾನದ ದಾಖಲೆಗಳಿಂದ ವಿದ್ವಾಂಸರು 812ರಿಂದ ಈಚೆಗೆ ಪಟ್ಟಿಮಾಡಿದ್ದಾರೆ. 2021ರಲ್ಲಿ ಮಾರ್ಚ್ 26ಕ್ಕೇ ಹೂ ಪೂರ್ತಿಯಾಗಿ ಅರಳಿತು, ಆವರೆಗಿನ ಇಡೀ ಪಟ್ಟಿಯಲ್ಲಿ ಅಷ್ಟು ಬೇಗ ಅರಳಿದ ವರ್ಷ ಇನ್ನೊಂದಿರಲಿಲ್ಲ. ಹವಾಮಾನ ಬಿಸಿಯಾಗುತ್ತಿರುವುದಕ್ಕೆ ಕವಿಗಳೂ ಸನ್ಯಾಸಿಗಳೂ ಬರೆದಿಟ್ಟ ಟಿಪ್ಪಣಿಗಳು ಹೀಗೆ ಸಾಕ್ಷ್ಯವಾಗಿವೆ.

ವಾಷಿಂಗ್ಟನ್ ನಗರಕ್ಕೂ ಈ ಮರಗಳು ಹೋದದ್ದು ತಮಗೆ ತಿಳಿದಿರಬಹುದು. 1910ರಲ್ಲಿ ಟೋಕಿಯೊದಿಂದ ಬಂದ 2,000 ಸಸಿಗಳಿಗೆ ಹುಳು ಹತ್ತಿದ್ದರಿಂದ ಅಮೆರಿಕದ ಅಧಿಕಾರಿಗಳು ಅವನ್ನು ಸುಟ್ಟುಹಾಕಬೇಕಾಯಿತು. ಟೋಕಿಯೊದ ಮೇಯರ್ ಯುಕಿಯೊ ಒಝಾಕಿ ಬೇಸರಪಡದೆ ಮತ್ತೆ 3,020 ಸಸಿ ಕಳಿಸಿದರು. 1912ರ ಮಾರ್ಚ್ 27ರಂದು ಅಧ್ಯಕ್ಷರ ಪತ್ನಿ ಹೆಲೆನ್ ಟಾಫ್ಟ್ ಮೊದಲ ಸಸಿ ನೆಟ್ಟರು. 1941ರಲ್ಲಿ ಅಮೆರಿಕದ ಪರ್ಲ್ ಹಾರ್ಬರ್ ನೌಕಾನೆಲೆಯ ಮೇಲೆ ಜಪಾನ್ ದಾಳಿ ಮಾಡಿದ ಕೆಲವೇ ದಿನಗಳಲ್ಲಿ ಯಾರೋ ಅವುಗಳಲ್ಲಿ ನಾಲ್ಕನ್ನು ಕಡಿದುಹಾಕಿದರು. ಯುದ್ಧದಲ್ಲಿ ಹಾಳಾದ ಟೋಕಿಯೊದ ಅರಕಾವ ನದಿದಂಡೆಯ ತೋಪು ವಾಷಿಂಗ್ಟನ್ ಮರಗಳ ತವರು. 1952ರಲ್ಲಿ ಅದನ್ನು ಮತ್ತೆ ಬೆಳೆಸಲು ಕಸಿಕಡ್ಡಿಗಳು ಹೋದದ್ದು ವಾಷಿಂಗ್ಟನ್ನಿನಿಂದಲೇ.

ಪ್ರಶ್ನೆ: ನಮ್ಮ ಇಂಗ್ಲಿಷ್ ಪುಸ್ತಕದಲ್ಲಿ ರಾಕೇಶ ಎಂಬ ಹುಡುಗ ಚೆರ್ರಿ ಬೀಜ ಹಾಕಿ ಮರ ಬೆಳೆಸುತ್ತಾನೆ. ನಾನು ದುರ್ಗದ ಬೈಲಿನಿಂದ ತಂದ ಹಣ್ಣಿನ ಬೀಜ ಹಾಕಿದೆ, ಮೊಳಕೆ ಬರಲಿಲ್ಲ. ಯಾಕೆ?
– ಆರನೇ ತರಗತಿ ವಿದ್ಯಾರ್ಥಿ, ಹಳೇ ಹುಬ್ಬಳ್ಳಿ

ಉತ್ತರ: ತಮ್ಮಾ, ತಪ್ಪು ನಿನ್ನದಲ್ಲ. ರಸ್ಕಿನ್ ಬಾಂಡ್ ಅವರ ಆ ಕತೆ ನಡೆಯುವುದು ಮಸೂರಿಯಲ್ಲಿ; ಅದು ಸುಮಾರು 2,000 ಮೀಟರ್ ಎತ್ತರದ ಹಿಮಾಲಯದ ಊರು. ಚೆರ್ರಿ ಬೀಜ ಗಟ್ಟಿ ಓಟೆಯೊಳಗೆ ಮಲಗಿರುತ್ತದೆ, ಸುಮಾರು ಮೂರು ತಿಂಗಳು ಒದ್ದೆ ತಂಪಿನಲ್ಲಿದ್ದ ಮೇಲೆಯೇ ಅದಕ್ಕೆ ಎಚ್ಚರ. ಮಸೂರಿಯಲ್ಲಿ ಚಳಿಗಾಲವೇ ಆ ಕೆಲಸ ಮಾಡುತ್ತದೆ. ನೀನು ಒದ್ದೆ ಮರಳಿನಲ್ಲಿ ಬೀಜವನ್ನಿಟ್ಟು, ಡಬ್ಬಿಯನ್ನು ಫ್ರಿಜ್ಜಿನ ಕೆಳಗಿನ ಖಾನೆಯಲ್ಲಿ ಇರಿಸಿ ನೋಡಬಹುದು; ಅಮ್ಮನ ಒಪ್ಪಿಗೆ ಕೇಳು. ಮೊಳಕೆ ಬಂದರೂ ಹಣ್ಣಿನ ಆಸೆ ಬೇಡ, ಏಕೆಂದರೆ ಮರ ಹೂಬಿಡಲು ವರ್ಷವರ್ಷವೂ ನೂರಾರು ತಾಸು 7 ಡಿಗ್ರಿಗಿಂತ ಕೆಳಗಿನ ಚಳಿ ಬೇಕು, ಹುಬ್ಬಳ್ಳಿಯಲ್ಲಿ ಅಷ್ಟು ಚಳಿ ನಿಲ್ಲುವುದಿಲ್ಲ. ಬೀಜವನ್ನು ಒಡೆದು ತಿನ್ನಬೇಡ. ಒಳಗಿನ ತಿರುಳಿನಲ್ಲಿ ವಿಷದ ಅಂಶವಿದೆ.

ರಾಕೇಶನ ಗಿಡದ ಎಲೆಯನ್ನು ಆಡು ತಿಂದದ್ದು, ಹುಲ್ಲು ಕೊಯ್ಯುವಾಕೆಯ ಕುಡುಗೋಲಿಗೆ ಸಿಕ್ಕಿ ಅದು ತುಂಡಾದದ್ದು, ಆದರೂ ಚಿಗುರಿದ್ದು ನಿನಗೆ ನೆನಪಿರಬೇಕು. ಆ ಕತೆಯನ್ನು ಇಲ್ಲಿ ಆಡಿ ನೋಡಬೇಕೆಂದಿದ್ದರೆ ಕವಳಿ ಹಣ್ಣಿನ ಬೀಜ ಹಾಕು. ಹಣ್ಣಿನಿಂದ ತೆಗೆದ ತಾಜಾ ಬೀಜವೇ ಬೇಕು, ಒಣಗಿದ್ದು ಆಗದು. ಅದಕ್ಕೆ ಮುಳ್ಳಿರುವುದರಿಂದ ಆಡಿನ ಕಾಟವೂ ಕಡಿಮೆ.

ಪ್ರಶ್ನೆ: ಕೇಕಿನ ಮೇಲೆ ನಾವು ಇಡುವ ಕೆಂಪು ಚೆರ್ರಿ ನಿಜವಾದ ಚೆರ್ರಿ ಅಲ್ಲವೆಂದು ಗಿರಾಕಿಯೊಬ್ಬರು ವಾದ ಮಾಡಿದರು. ಚೆರ್ರಿಯ ಮೂಲ ಯಾವುದು?
– ಬೇಕರಿ ಮಾಲಕರು, ರಾಣೆಬೆನ್ನೂರು

ಉತ್ತರ: ಗಿರಾಕಿ ಹೇಳಿದ್ದು ಬಹುಪಾಲು ಸರಿ. ನಮ್ಮ ದೇಶದ ಬೇಕರಿಗಳಲ್ಲಿ ಬಳಕೆಯಾಗುವ ಅಗ್ಗದ 'ಚೆರ್ರಿ' ಹೆಚ್ಚಾಗಿ ಕವಳಿಕಾಯಿಯಿಂದಲೇ ಆದದ್ದು. ಕಾಯಿಯ ಬೀಜ ತೆಗೆದು, ಉಪ್ಪುನೀರಿನಲ್ಲಿ ನೆನೆಸಿ ಹುಳಿ ಮತ್ತು ಹಾಲಿನಂಥ ಅಂಟನ್ನು ಇಳಿಸಿ, ಬೇಯಿಸಿ, ಕೆಂಪು ಬಣ್ಣ ಕೊಟ್ಟು, ದಿನದಿನಕ್ಕೆ ಗಟ್ಟಿಮಾಡಿದ ಸಕ್ಕರೆಪಾಕದಲ್ಲಿ ಅದ್ದಿಡುತ್ತಾರೆ. ಅಸಲಿ ಚೆರ್ರಿ ಗುಲಾಬಿ, ಸೇಬು, ಬಾದಾಮಿಗಳ ಕುಟುಂಬದ್ದು. ಕವಳಿ ಕಣಗಿಲೆಯ ಕುಟುಂಬದ್ದು. ಡಬ್ಬಿಯ ಮೇಲಿನ ಪದಾರ್ಥಗಳ ಪಟ್ಟಿ ಓದಿದರೆ ನಿಮಗೇ ತಿಳಿಯುತ್ತದೆ. ಮಾರುವುದರಲ್ಲಿ ತಪ್ಪಿಲ್ಲ, ಕೇಳಿದವರಿಗೆ ಇದ್ದದ್ದನ್ನು ಹೇಳಿದರಾಯಿತು. ಶಾಲೆಯ ಅಂಗಳಗಳಲ್ಲಿ ಮಕ್ಕಳು ಹತ್ತಿ ತಿನ್ನುವ 'ಸಿಂಗಪುರ ಚೆರ್ರಿ', ಅಂದರೆ ಗಸಗಸೆ ಹಣ್ಣಿನ ಮರವೂ, ಚೆರ್ರಿಗೆ ಸಂಬಂಧಿಯಲ್ಲ.

ರೋಮಿನ ಪ್ರಾಚೀನ ಲೇಖಕ ಪ್ಲಿನಿ ಬರೆದಿರುವಂತೆ, ಇಂದಿನ ಟರ್ಕಿಯ ಉತ್ತರ ಕರಾವಳಿಯಲ್ಲಿದ್ದ ಪಾಂಟಸ್‌ನ ಮಿಥ್ರಿಡೇಟಿಸ್ ದೊರೆಯೊಡನೆ ಯುದ್ಧ ಮಾಡಿದ ಸೇನಾಪತಿ ಲುಕುಲ್ಲಸ್ ಚೆರ್ರಿಯನ್ನು ಮೊದಲಿಗೆ ಇಟಲಿಗೆ ತಂದನು, 120 ವರ್ಷಗಳಲ್ಲಿ ಅದು ಸಮುದ್ರ ದಾಟಿ ಬ್ರಿಟನ್ನಿಗೂ ಹೋಯಿತು. ಆದರೆ ಯೂರೋಪಿನ ಶಿಲಾಯುಗದ ನೆಲೆಗಳಲ್ಲಿಯೇ ಕಾಡುಚೆರ್ರಿಯ ಓಟೆಗಳು ದೊರೆತಿರುವುದರಿಂದ ಲುಕುಲ್ಲಸ್ ತಂದದ್ದು ಉತ್ತಮ ತಳಿಯೊಂದನ್ನು ಎಂದು ತಿಳಿಯಬೇಕು. ಭಾರತದಲ್ಲಿ ಕಾಶ್ಮೀರ, ಹಿಮಾಚಲಗಳಲ್ಲಿ ಹಣ್ಣಿನ ಚೆರ್ರಿಯಿದೆ. ಹಿಮಾಲಯದ ಕಾಡುಚೆರ್ರಿ ಆಯುರ್ವೇದದ 'ಪದ್ಮಕ'. ಅದು ವಸಂತಕ್ಕೆ ಕಾಯದೆ ಮಳೆಗಾಲ ಮುಗಿದ ಮೇಲೆ ಅರಳುವುದರಿಂದ ಶಿಲ್ಲಾಂಗಿನ ಚೆರ್ರಿ ಹೂವಿನ ಉತ್ಸವ ನವೆಂಬರಿನಲ್ಲಿ ನಡೆಯುತ್ತದೆ.

ಪ್ರಶ್ನೆ: ಮೊಮ್ಮಕ್ಕಳಿಗೆ ರಾತ್ರಿ ಹೇಳಲು ಚೆರ್ರಿ ಮರದ ಕತೆ ಬೇಕು. ಅಂಥದ್ದು ನಮ್ಮ ಕಡೆಯದೂ ಇದ್ದರೆ ತಿಳಿಸಿರಿ.
– ಗೃಹಿಣಿ, ಲಕ್ಷ್ಮೇಶ್ವರ

ಉತ್ತರ: ಜಪಾನಿನ ಮಕ್ಕಳೆಲ್ಲರಿಗೂ ಗೊತ್ತಿರುವ 'ಹೂ ಅರಳಿಸಿದ ಅಜ್ಜ'ನ ಕತೆ ನಿಮಗೆ ಒಪ್ಪುತ್ತದೆ, ತಾಯಿ. ಒಳ್ಳೆಯ ಅಜ್ಜ-ಅಜ್ಜಿಯ ನಾಯಿ ನೆಲ ಕೆದರಿ ಬಂಗಾರದ ನಾಣ್ಯ ತೋರಿಸುತ್ತದೆ. ಆಸೆಬುರುಕ ನೆರೆಯವನು ನಾಯಿಯನ್ನು ಕಡ ಒಯ್ದು, ಅಗೆದಲ್ಲಿ ಕಸ ಸಿಕ್ಕಿತೆಂದು ಸಿಟ್ಟಿಗೆದ್ದು ಅದನ್ನು ಕೊಲ್ಲುತ್ತಾನೆ. ನಾಯಿಯನ್ನು ಹುಗಿದ ಜಾಗದ ಮರದಿಂದ ಅಜ್ಜ ಒಳ್ಳು ಮಾಡಿಸಿದರೆ, ಅದರಲ್ಲಿ ಕುಟ್ಟಿದ ಅಕ್ಕಿ ಬಂಗಾರವಾಗುತ್ತದೆ. ನೆರೆಯವನು ಒಳ್ಳನ್ನೂ ಒಯ್ದು ಸುಡುತ್ತಾನೆ. ಉಳಿದ ಬೂದಿಯನ್ನು ಅಜ್ಜ ಬುಟ್ಟಿಯಲ್ಲಿ ತರುತ್ತಿರುವಾಗ ಗಾಳಿಗೆ ಅದು ಒಣಗಿದ ಚೆರ್ರಿ ಮರದ ಮೇಲೆ ಹಾರುತ್ತದೆ, ಮರ ಮೈತುಂಬ ಹೂಬಿಡುತ್ತದೆ. ದಾರಿಯಲ್ಲಿ ಬಂದ ದೊರೆ ಮೆಚ್ಚಿ ಉಡುಗೊರೆ ಕೊಡುತ್ತಾನೆ. ಅದನ್ನು ಕಂಡು ನೆರೆಯವನೂ ಮರ ಹತ್ತಿ ಬೂದಿ ಎರಚಿದರೆ ಅದು ದೊರೆಯ ಕಣ್ಣಿಗೇ ಬೀಳುತ್ತದೆ. ಸತ್ತ ನಾಯಿಯ ಋಣ ಮರ, ಒಳ್ಳು, ಬೂದಿ ಎಂದು ರೂಪ ಬದಲಿಸುತ್ತ ಬರುವ ಈ ಕಟ್ಟೋಣವನ್ನು ಮಕ್ಕಳು ಬೇಗ ಹಿಡಿದುಕೊಳ್ಳುತ್ತಾರೆ.

ನಮ್ಮ ಕಡೆಯದು ಹೂವಿನ ಗಿಡವಾಗುವ ಹುಡುಗಿಯ ಕತೆ. ಕನ್ನಡ ನಾಡಿನಲ್ಲಿ ಇದರ ಹಲವು ಪಾಠಗಳು ಸಂಗ್ರಹವಾಗಿವೆ, ಎ. ಕೆ. ರಾಮಾನುಜನ್ ಇಂಗ್ಲಿಷಿಗೆ ತಂದ ಮೇಲೆ ಹೊರನಾಡಿನವರಿಗೂ ಪರಿಚಯವಾಯಿತು. ಬಡವಿಯ ಕಿರಿಯ ಮಗಳು ನೆಲ ಸಾರಿಸಿ ಕೂತು ದೇವರನ್ನು ನೆನೆಯುತ್ತಾಳೆ. ಅಕ್ಕ ಉಗುರು ತಾಗದಂತೆ ತಂದ ಒಂದು ಕೊಡ ನೀರು ಸುರಿದರೆ ಗಿಡವಾಗುತ್ತಾಳೆ, ಎಲೆ ಕುಡಿ ನೋಯದಂತೆ ಹೂ ಬಿಡಿಸಿಕೊಂಡು ಇನ್ನೊಂದು ಕೊಡ ಸುರಿದರೆ ಹುಡುಗಿಯಾಗುತ್ತಾಳೆ. ರಾಜಕುಮಾರ ಮದುವೆಯಾಗುತ್ತಾನೆ. ಅವನ ತಂಗಿ ಗೆಳತಿಯರೊಡನೆ ಅವಳನ್ನು ತೋಟಕ್ಕೆ ಕರೆದೊಯ್ದು ಗಿಡವಾಗಿಸಿ, ಕೊಂಬೆ ಮುರಿದು, ಎರಡನೆಯ ಕೊಡವನ್ನು ಬೇಕಾಬಿಟ್ಟಿ ಚೆಲ್ಲಿ ಹೋಗುತ್ತಾಳೆ. ಕೈಕಾಲಿಲ್ಲದೆ ಉಳಿದವಳನ್ನು ಹತ್ತಿ ಬಂಡಿಯವನೊಬ್ಬ ಎತ್ತಿಕೊಳ್ಳುತ್ತಾನೆ. ಕೊನೆಗೆ ಗಂಡನೇ ಅವಳನ್ನು ಗುರುತಿಸಿ, ಮತ್ತೆ ಗಿಡವಾಗಿಸಿ, ಮುರಿದ ಕೊಂಬೆಗಳನ್ನು ಸೇರಿಸಿ ನೀರು ಸುರಿದು ಮೊದಲಿನಂತಾಗಿಸುತ್ತಾನೆ.

ಹೇಳುವಾಗ ಒಂದು ಎಚ್ಚರಿಕೆ ಇರಲಿ. ಕೊಂಬೆ ಮುರಿಯುವ ಭಾಗಕ್ಕೂ, ನಾದಿನಿಯನ್ನು ಸುಣ್ಣದ ಕುಳಿಗೆ ನೂಕುವ ಕೊನೆಗೂ ಚಿಕ್ಕವರು ಹೆದರುತ್ತಾರೆ. ಐದಾರು ವರ್ಷದವರಿಗೆ ಬೂದಿಯ ಅಜ್ಜನ ಕತೆ ಸಾಕು, ಇದನ್ನು ಹತ್ತು ದಾಟಿದವರಿಗೆ ಇಟ್ಟುಕೊಳ್ಳಿರಿ.